ಕಾಲೇಜು ಚಿತ್ರಗಳ ನಗೆ

ಮಾರಿಕುಪ್ಪಂನಿಂದ ಹೊರಡುವ ಬೆಳಗಿನ ರೈಲು ಬಂಗಾರಪೇಟೆಯ ಮಾರ್ಗವಾಗಿ ಬೆಂಗಳೂರಿಗೆ ಸಾಗುತ್ತದೆ. 2001ರಲ್ಲಿ ಚಿನ್ನದ ಗಣಿ ಮುಚ್ಚಿದ ತರುವಾಯ ಓದಿಗೂ ಉದ್ಯೋಗಕ್ಕೂ ಆ ಭಾಗದ ಅನೇಕ ತರುಣರಿಗೆ ಅದೇ ದಾರಿ. ಬೆಳಗ್ಗೆ ಹೋಗಿ ರಾತ್ರಿ ಮನೆಗೆ ಮರಳುವವರಿಗೆ ವಿದ್ಯಾರ್ಥಿನಿಲಯದ ಬದುಕು ದಕ್ಕಿದ್ದಲ್ಲ. ಹಾಸ್ಟೆಲ್ ಹುಡುಗರ ಪುಂಡಾಟಿಕೆಯ ಚಿತ್ರಗಳಿಗಿರುವ ಆಕರ್ಷಣೆಯನ್ನು ಅರಿಯಲು ಇಂಥ ಊರೇ ತಕ್ಕ ಸ್ಥಳ. ಹಿರಿಯರ ಕಾವಲಿಲ್ಲದ ನಾಲ್ಕು ವರ್ಷ, ಹಂಚಿಕೊಂಡು ಉಣ್ಣುವ ಗೆಳೆಯರು. ಪ್ರೇಕ್ಷಕ ಹಂಬಲಿಸುವುದು ಇದಕ್ಕೆ. ಪೋಲಿ ಮಾತು ಅದರ ಜೊತೆಗೆ ಬರುವ ಸುಂಕವಷ್ಟೆ.

ಈ ಜಾತಿಯ ಚಿತ್ರಗಳಿಗೆ ಮಾದರಿಯೆನಿಸಿದ್ದು 1978ರ ಅಮೆರಿಕದ 'ಅನಿಮಲ್ ಹೌಸ್'. ಅಲ್ಲಿನ ಡೀನ್ ಕುಟಿಲ. ಆದುದರಿಂದ ಹುಡುಗರು ಮಾಡಿದ್ದೆಲ್ಲವೂ ನೋಡುವವರಿಗೆ ಕ್ಷಮ್ಯ. ಕನ್ನಡದಲ್ಲಿ 2016ರ 'ಕಿರಿಕ್ ಪಾರ್ಟಿ' ಬಂದಿತು, 2023ರಲ್ಲಿ 'ಹಾಸ್ಟೆಲ್ ಹುಡುಗರು ಬೇಕಾಗಿದ್ದಾರೆ'. ಎರಡನೆಯದರಲ್ಲಿ ವಾರ್ಡನ್ನನ ಸಾವೇ ನಗೆಯ ಸಾಮಗ್ರಿ.

ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯವು ಅನರ್ಥದಂಡವ್ರತದ ಅತಿಚಾರಗಳಲ್ಲಿ ಮೊದಲು ಕಂದರ್ಪವನ್ನೂ ಬಳಿಕ ಕೌತ್ಕುಚ್ಯವನ್ನೂ ಹೇಳುತ್ತದೆ. ರಾಗದ ಆವೇಶದಲ್ಲಿ ನಗುತ್ತ ಆಡುವ ಅಶ್ಲೀಲ ಮಾತು ಕಂದರ್ಪ. ಅದಕ್ಕೆ ದೇಹದ ಕುಚೇಷ್ಟೆ ಸೇರಿದರೆ ಕೌತ್ಕುಚ್ಯ. ಇವನ್ನು ಬ್ರಹ್ಮಚರ್ಯಾಣುವ್ರತದ ಅತಿಚಾರಗಳಲ್ಲಿ ಸೇರಿಸದೆ ನಿಷ್ಪ್ರಯೋಜಕ ಹಾನಿಯ ಪ್ರಕರಣದಲ್ಲಿ ಇರಿಸಿರುವುದು ಗಮನಾರ್ಹ. ಹಾಗಾದರೆ ಇಂಥ ಚಿತ್ರವನ್ನು ಕೇಳಬೇಕಾದದ್ದು ಅದೆಷ್ಟು ನಾಚಿಕೆಗೇಡು ಎಂದಲ್ಲ, ಆ ನಗೆಗೆ ಬೆಲೆ ತೆತ್ತವರು ಯಾರು ಎಂದು.

'ಕಿರಿಕ್ ಪಾರ್ಟಿ'ಯಲ್ಲಿ ಬೆಲೆ ತೆತ್ತವಳು ಸಾನ್ವಿ. ಅವಳು ಕಥೆಯ ನಡುವೆಯೇ ಸಾಯುತ್ತಾಳೆ. ಕರ್ಣನ ಶೋಕವನ್ನು ಚಿತ್ರ ಹಗುರಾಗಿ ಕಂಡಿಲ್ಲವೆಂಬುದನ್ನು ಒಪ್ಪಲೇಬೇಕು. ಇತರ ಪುಂಡಾಟಿಕೆಯ ಚಿತ್ರಗಳಿಗಿಂತ ಅದು ಮೇಲೆನಿಸುವುದು ಅಲ್ಲಿಯೇ. ಆದರೆ ಕೆಲ ಕಾಲದಲ್ಲಿ ಆರ್ಯಾ ಬರುತ್ತಾಳೆ, ಚಿತ್ರಮಂದಿರ ಮತ್ತೆ ನಗುತ್ತದೆ. ಕ್ರಿ.ಶ. 941ರ ಆದಿಪುರಾಣವನ್ನು ಬಲ್ಲವರಿಗೆ ಇಲ್ಲಿ ನೀಲಾಂಜನೆ ನೆನಪಾಗದಿರಳು. ನರ್ತಿಸುತ್ತಿದ್ದಂತೆಯೇ ಅವಳ ಆಯುಷ್ಯ ತೀರಿತು. ಇಂದ್ರನು ಒಡನೆಯೇ ಅವಳಂಥವಳನ್ನೇ ಅಲ್ಲಿ ನಿಲ್ಲಿಸಿದನು. ಸಭೆಗೆ ನೃತ್ಯವು ಮುರಿದದ್ದೇ ತಿಳಿಯಲಿಲ್ಲ. ತಿಳಿದದ್ದು ಋಷಭದೇವನೊಬ್ಬನಿಗೆ.

ಹುಡುಗರ ಕೈಯಲ್ಲಿ ಮೊಬೈಲ್ ಇರುವಾಗ ಟ್ರಸ್ಟುಗಳ ವಿದ್ಯಾರ್ಥಿನಿಲಯಗಳಲ್ಲಿ ಇಂಥ ಚಿತ್ರಗಳನ್ನು ತಡೆಯುವುದು ಆಗದ ಮಾತು. ಸಾನ್ವಿಯ ಸಾವಿನ ಬಳಿ ಚಿತ್ರವನ್ನು ನಿಲ್ಲಿಸಿ, ಅವಳ ಮನೆಯಲ್ಲಿ ಆ ರಾತ್ರಿ ಏನಾಗಿರಬಹುದೆಂದು ಹುಡುಗರನ್ನೇ ಕೇಳಬಹುದು.