ಹಾಡಲು ಬಾರದವರಿಗೆ ಹಾಡು ಕಟ್ಟಿದಾಕೆ

ಹಳೆಯ ಹಿಂದಿ ಚಿತ್ರಗೀತೆಗಳ ಮಾತು ಬಂದರೆ ನೌಷಾದ್, ಎಸ್.ಡಿ. ಬರ್ಮನ್, ಶಂಕರ್-ಜೈಕಿಶನ್ ಎಂದು ಹೆಸರುಗಳು ಸಾಲುಗಟ್ಟುತ್ತವೆ. ಸಂಗೀತ ನಿರ್ದೇಶಕಿಯರು ಯಾರು ಎಂದು ಕೇಳಿದರೆ ಬಹಳವೆಂದರೆ ಉಷಾ ಖನ್ನಾ ಎನ್ನುತ್ತಾರೆ. ಆಕೆಗಿಂತ ಕಾಲು ಶತಮಾನದಷ್ಟು ಮೊದಲೇ ಬಾಂಬೆ ಟಾಕೀಸಿನಲ್ಲಿ ಹಾರ್ಮೋನಿಯಂ ಮುಂದೆ ಕುಳಿತು ಹಾಡು ಕಲಿಸುತ್ತಿದ್ದ ಸರಸ್ವತಿ ದೇವಿಯ ಹೆಸರು ಎಷ್ಟು ಜನರಿಗೆ ಗೊತ್ತು?

ಆ ಹೆಸರೂ ಆಕೆಯದಲ್ಲ. 1912ರಲ್ಲಿ ಪಾರ್ಸಿ ಮನೆತನದಲ್ಲಿ ಹುಟ್ಟಿದ ಈಕೆ ಖುರ್ಷೀದ್ ಮಿನೋಚರ್ ಹೋಮ್ಜಿ. ಭಾತಖಂಡೆಯವರ ಬಳಿ ಶಾಸ್ತ್ರೀಯ ಸಂಗೀತ ಕಲಿತು, ಸೋದರಿಯರೊಂದಿಗೆ ಮುಂಬಯಿ ರೇಡಿಯೋದಲ್ಲಿ ಹಾಡುತ್ತಿದ್ದವರನ್ನು ಹಿಮಾಂಶು ರಾಯ್ ಸಿನಿಮಾಕ್ಕೆ ಕರೆತಂದರು. 1935ರ 'ಜವಾನಿ ಕಿ ಹವಾ' ಮೊದಲ ಚಿತ್ರ. ಸೋದರಿ ಮಾಣೆಕ್ ಅದರಲ್ಲಿ ನಟಿಸಿದರು. ಮರ್ಯಾದಸ್ಥರ ಮನೆಯ ಹೆಣ್ಣುಮಕ್ಕಳು ಸಿನಿಮಾ ಸೇರುವುದೇ ಎಂದು ಪಾರ್ಸಿ ಸಮಾಜದಲ್ಲಿ ಗದ್ದಲವೆದ್ದಿತು. ಖುರ್ಷೀದ್ ಸರಸ್ವತಿ ದೇವಿಯಾದರು, ಮಾಣೆಕ್ ಚಂದ್ರಪ್ರಭಾ ಆದರು. ಮಾಡುವ ಕೆಲಸ ಉಳಿಯಲೆಂದು ಅಪ್ಪ ಅಮ್ಮ ಇಟ್ಟ ಹೆಸರನ್ನೇ ಬಿಟ್ಟುಕೊಡಬೇಕಾಯಿತು.

ಆಗಿನ್ನೂ ಹಿನ್ನೆಲೆ ಗಾಯನ ಬೇರೂರಿರಲಿಲ್ಲ. ನಟಿಸುವವರೇ ಹಾಡಬೇಕು. 1936ರ 'ಅಚ್ಛೂತ್ ಕನ್ಯಾ'ದಲ್ಲಿ ಆಕೆಯ ಪಾಲಿಗೆ ಬಂದವರು ದೇವಿಕಾ ರಾಣಿ ಮತ್ತು ಅಶೋಕ್ ಕುಮಾರ್. ನೋಡಲು ಚೆಂದ, ಹಾಡಿನಲ್ಲಿ ಪಳಗಿದವರಲ್ಲ. ಶಾಲಾ ವಾರ್ಷಿಕೋತ್ಸವಕ್ಕೆ ಮಕ್ಕಳಿಗೆ ಹಾಡು ಕಲಿಸಿದ ಯಾವ ಶಿಕ್ಷಕಿಗೂ ಇದರ ಕಷ್ಟ ಅರ್ಥವಾಗುತ್ತದೆ. ಸ್ವರ ಮೇಲೆ ಹೋದರೆ ಧ್ವನಿ ಒಡೆಯುತ್ತದೆ, ಸಾಲು ಉದ್ದವಾದರೆ ಉಸಿರು ಸಾಲದು. ಸರಸ್ವತಿ ದೇವಿ ಸಾಲುಗಳನ್ನು ಗಿಡ್ಡ ಮಾಡಿದರು, ಸ್ವರಗಳನ್ನು ಹತ್ತಿರ ಹತ್ತಿರ ಇಟ್ಟರು, ಆಲಾಪ ತಾನಗಳ ಆಸೆ ಬಿಟ್ಟರು. ತನ್ನ ವಿದ್ಯೆಯನ್ನು ಮೆರೆಸದೆ ಎದುರಿಗಿದ್ದವರ ಕೊರತೆ ಕಾಣದಂತೆ ಮಾಡುವುದು ದೊಡ್ಡ ವಿದ್ಯೆಯೇ ಎಂದು ನನ್ನ ಎಣಿಕೆ.

ಹಾಗೆಂದು ಎಲ್ಲವನ್ನೂ ಹೊಗಳಲಾರೆ. ಒಂದೇ ಸಲ ನಾಲ್ಕಾರು ಹಾಡು ಕೇಳಿದರೆ ಒಂದರಂತೆ ಇನ್ನೊಂದು ಎನಿಸುತ್ತದೆ. ಅದೇ ಕಾಲದ ಕಲ್ಕತ್ತೆಯ ನ್ಯೂ ಥಿಯೇಟರ್ಸ್‌ನಲ್ಲಿ ಸೈಗಲ್ ಹಾಡಿದ ಗೀತೆಗಳ ಆಳ ಇಲ್ಲಿಲ್ಲ. ಆದರೆ ಅವರಿಗೆ ಸೈಗಲ್ ಇದ್ದರು, ಈಕೆಗೆ ಇರಲಿಲ್ಲ. ಪಳಗಿದ ಹಿನ್ನೆಲೆ ಗಾಯಕರು ಬಂದ ಮೇಲೆ ಇಂಥ ಸರಳ ಧಾಟಿಯ ಅಗತ್ಯವೇ ಕಡಿಮೆಯಾಯಿತು. ಬಾಂಬೆ ಟಾಕೀಸ್ ಬಿಟ್ಟ ಬಳಿಕ 1943ರ 'ಪೃಥ್ವಿ ವಲ್ಲಭ್'ಗೆ ರಫೀಕ್ ಗಜ್ನವಿ ಜೊತೆ ಸಂಗೀತ ಕೊಟ್ಟರು. ಆಮೇಲೆ ಅವಕಾಶಗಳು ಕರಗಿದವು. 1980ರಲ್ಲಿ ತೀರಿಕೊಂಡರು.

ಧಾಟಿಗಳು ಮಾತ್ರ ಸಾಯಲಿಲ್ಲ. 'ಜೀವನ್ ನೈಯಾ'ದಲ್ಲಿ ಅಶೋಕ್ ಕುಮಾರ್ ಹಾಡಿದ ವಿರಹಗೀತೆಯನ್ನು ತಮ್ಮ ಕಿಶೋರ್ ಕುಮಾರ್ 1961ರ 'ಝುಮ್ರೂ'ದಲ್ಲಿ ಮತ್ತೆ ಹಾಡಿದರು. 1968ರ 'ಪಡೋಸನ್'ನಲ್ಲಿ ಕಿಶೋರ್, ಮನ್ನಾ ಡೇ ಪೈಪೋಟಿಯಿಂದ ಹಾಡಿ ನಮ್ಮನ್ನೆಲ್ಲ ನಗಿಸಿದ ಹಾಡಿನ ಬೇರು 1941ರ 'ಝೂಲಾ'ದಲ್ಲಿದೆ. ಅದರ ಸಂಗೀತ ಸರಸ್ವತಿ ದೇವಿಯದು. ಹಾಡುವ ಧ್ವನಿಗೆ ಹೆಸರು ಬಂತು, ಹೊಸ ಚಿತ್ರಕ್ಕೆ ಹಣ ಬಂತು. ಬೀಜ ಬಿತ್ತಿದವಳ ಹೆಸರು ಯಾರ ಬಾಯಿಗೂ ಬರಲಿಲ್ಲ.

ಅಡುಗೆ ಚೆನ್ನಾಗಿದೆ ಎಂದು ಎಲ್ಲರೂ ಉಂಡೆದ್ದು, ಮಾಡಿದವಳು ಯಾರೆಂದು ಕೇಳದಿರುವುದು ನಮಗೆ ಹೊಸತಲ್ಲ. ಮುಂದಿನ ಸಲ ಆ ನಗೆಹಾಡು ಕೇಳಿಸಿದಾಗ, ಪಕ್ಕದಲ್ಲಿದ್ದ ಮಗಳಿಗೋ ಸೊಸೆಗೋ ಆಕೆಯ ಹೆಸರನ್ನೊಮ್ಮೆ ಹೇಳಿ. ಸಾಧ್ಯವಾದರೆ, ಎರಡೂ ಹೆಸರನ್ನು.