ಶೋಕಿಸುವವರ ನಡುವೆ ನಿಂತ ಗಾಯಕವೃಂದ

ಬಾನುಲಿಯಲ್ಲಿ ಹಾಡುವ ಗಾಯಕವೃಂದವು ಕೇಳುಗನಿಗೆ ಶರೀರವಿಲ್ಲದ ಧ್ವನಿ. 1925ರಲ್ಲಿ ಸ್ಥಾಪಿತವಾದ ಬರ್ಲಿನ್ ಬಾನುಲಿ ಗಾಯಕವೃಂದವು ಬೆಳೆದದ್ದು ಹೀಗೆಯೇ. ವೃತ್ತಿಗಾಯಕರಾದ ಅದರ ಸದಸ್ಯರು ತಮ್ಮ ತಮ್ಮ ಕಂಠದ ವೈಶಿಷ್ಟ್ಯವನ್ನು ಅಡಗಿಸಿ ಒಂದೇ ನಾದವಾಗುವುದನ್ನು ಸಾಧಿಸಿದರು. ಸೈಮನ್ ರ‍್ಯಾಟಲ್ ಅವರ ನಿರ್ದೇಶನದಲ್ಲಿ ಈ ವೃಂದವು ಹಾಡಿದ ಬ್ರಾಮ್ಸ್‌ನ ‘ಜರ್ಮನ್ ರೆಕ್ವಿಯೆಮ್’ ಧ್ವನಿಮುದ್ರಣಕ್ಕೆ 2008ರಲ್ಲಿ ಗ್ರ್ಯಾಮಿ ಪ್ರಶಸ್ತಿ ದೊರೆತದ್ದು ಆ ಶಿಸ್ತಿಗೆ ಸಂದ ಮನ್ನಣೆ.

2012ರಲ್ಲಿ ಇದೇ ವೃಂದವು ಅದೇ ಕೃತಿಯನ್ನು ‘ಹ್ಯೂಮನ್ ರೆಕ್ವಿಯೆಮ್’ ಎಂಬ ಹೆಸರಿನಲ್ಲಿ ಬೇರೊಂದು ರೀತಿಯಲ್ಲಿ ಹಾಡಿತು. ರಂಗವಿನ್ಯಾಸ ಯೋಖೆನ್ ಸಾಂಡಿಗ್ ಅವರದು, ಸಂಗೀತ ನಿರ್ದೇಶನ ಸೈಮನ್ ಹಾಲ್ಸಿ ಅವರದು. ಇಲ್ಲಿ ವಾದ್ಯಮೇಳದ ಬದಲು ಪಿಯಾನೊ. ಗಾಯಕರು ಕೇಳುಗರ ನಡುವೆಯೇ ನಿಂತು, ನಡೆದಾಡಿ ಹಾಡುತ್ತಾರೆ. ಹೀಗಾದಾಗ ಸಮತೋಲ ಕೆಡದಿರದು: ಪಕ್ಕದಲ್ಲಿರುವವರ ಕಂಠವೇ ಮುಂದಾಗಿ, ದೂರದವರದು ಹಿಂದುಳಿಯುತ್ತದೆ. ಆದರೆ ಧ್ವನಿಗೆ ಮುಖವೂ ಉಸಿರೂ ದೊರೆಯುತ್ತವೆ. ವಾಕ್ಯವು ಶರೀರಧಾರಿಯಾಯಿತೆಂದು ನಂಬುವ ನಾವು ಇದನ್ನು ಕೇವಲ ನಷ್ಟವೆನ್ನಲಾರೆವು.

ಆದರೂ ಒಂದು ಆಕ್ಷೇಪವನ್ನು ಎದುರಿಸಲೇಬೇಕು. ಬ್ರಾಮ್ಸ್ ಲೂಥರನ ಬೈಬಲಿನಿಂದ ತಾನೇ ಆಯ್ದ ವಚನಗಳಲ್ಲಿ ಕ್ರಿಸ್ತನ ನಾಮವಿಲ್ಲ. 1868ರ ಶುಭ ಶುಕ್ರವಾರದಂದು ಬ್ರೆಮೆನ್ ಕಥೀಡ್ರಲಿನಲ್ಲಿ ಇದನ್ನು ಹಾಡಿದಾಗ, ವಿಮೋಚಕನನ್ನು ಕುರಿತ ಹ್ಯಾಂಡೆಲ್‌ನ ಗೀತೆಯೊಂದನ್ನು ಜೊತೆಗೆ ಸೇರಿಸಲಾಯಿತು. ಹಾಗಾದರೆ ‘ಮಾನವ’ ಎಂಬ ಹೆಸರು ಹೊತ್ತ ಈ ಪ್ರಯೋಗದಲ್ಲಿ ಮನುಷ್ಯನೇ ಮನುಷ್ಯನಿಗೆ ಕೊನೆಯ ಆದರಣೆಯೇ?

ಉತ್ತರವು ಕೃತಿಯಲ್ಲಿಯೇ ಇದೆಯೆಂದು ನಮ್ಮ ಅಭಿಪ್ರಾಯ. ಬ್ರೆಮೆನ್ನಿನ ಆ ಗಾಯನದ ತರುವಾಯ ಬ್ರಾಮ್ಸ್ ಐದನೆಯ ಭಾಗವನ್ನು ಸೇರಿಸಿದನು. ಅಲ್ಲಿ ಸೊಪ್ರಾನೊ ಗಾಯಕಿಯು ಹಾಡುವ ಮೊದಲ ಮಾತು ಯೋಹಾನ 16:22. ಅಗಲಿಕೆಯ ರಾತ್ರಿಯಲ್ಲಿ ಯೇಸುವು ಶಿಷ್ಯರಿಗೆ ನುಡಿದದ್ದು. ನಾಮವಿಲ್ಲ, ಆದರೆ ಆತನ ಮಾತಿದೆ. ಅದರೊಡನೆ ವೃಂದವು ಹಾಡುವುದು ಯೆಶಾಯ 66:13. ತಾಯಿಯು ಸಂತೈಸುವಂತೆ ಸಂತೈಸುವೆನೆಂಬ ದೇವರ ವಾಗ್ದಾನ. ‘ನಾನು’ ಎಂದು ಅಲ್ಲಿ ನುಡಿಯುವವನು ದೇವರು. ಕಂಠ ಮಾತ್ರ ಮರ್ತ್ಯರದು. ಪಕ್ಕದಲ್ಲಿ ನಿಂತ ಗಾಯಕನು ಆದರಣೆಯ ಮೂಲನಲ್ಲ, ಅದನ್ನು ಹೊತ್ತು ತಂದವನು.

ಶವಪೆಟ್ಟಿಗೆಯ ಬಳಿ ನಿಲ್ಲುವ ಸಭಾಪಾಲಕನ ಸ್ಥಿತಿಯೂ ಇದೇ ಅಲ್ಲವೇ? ಶೋಕಿಸುವವರಿಂದ ದೂರ ನಿಂತು ವಾಗ್ದಾನವನ್ನು ಓದಿದರೆ ಅದು ಬರಿಯ ಪ್ರಸಾರವಾದೀತು; ಹತ್ತಿರ ನಿಂತು ತನ್ನ ಮಾತನ್ನಷ್ಟೇ ಆಡಿದರೆ ಬರಿಯ ಅನುಕಂಪವಾದೀತು. ಹತ್ತಿರ ನಿಲ್ಲುವುದು, ಆದರೆ ಆತನ ಮಾತನ್ನೇ ನುಡಿಯುವುದು: ಈ ಎರಡನ್ನೂ ಕೂಡಿಸುವುದು ಎಷ್ಟು ಕಠಿಣವೆಂಬುದನ್ನು ಈ ಗಾಯಕರು ನಮಗೆ ಮನಗಾಣಿಸಿದ್ದಾರೆ.