ಕಲ್ಪಿತ ಲೋಕಗಳ ಭಾರ

ಅನೇಕ ವಿಶ್ವಗಳನ್ನು ಕಲ್ಪಿಸಿ, ಒಂದೊಂದಕ್ಕೂ ಬೇರೆ ಬೇರೆ ಗುರುತ್ವವನ್ನು ಗೊತ್ತುಮಾಡಿ, ಅದನ್ನಳೆಯುವ ಶಾಸ್ತ್ರವನ್ನೂ ಕಟ್ಟುವ ಕತೆಗಳೆಂದರೆ ನನ್ನ ವಿದ್ಯಾರ್ಥಿಗಳಿಗೆ ಪ್ರೀತಿ. ಹುಡುಗಾಟವೆಂದು ಇವನ್ನು ತಳ್ಳಿಹಾಕುವವರೊಡನೆ ನಾನು ಸೇರಲಾರೆ. ವಸ್ತು ಕೆಳಗೆ ಬೀಳಲು ಕಾರಣವಾದ ಗುಣಕ್ಕೆ ಗುರುತ್ವವೆಂಬ ಹೆಸರನ್ನು ವೈಶೇಷಿಕರು ಎಂದೋ ಕೊಟ್ಟಿದ್ದರು. ಯೋಗವಾಸಿಷ್ಠದ ಲೀಲೋಪಾಖ್ಯಾನದಲ್ಲಿ ಬ್ರಾಹ್ಮಣನೊಬ್ಬನ ಮನೆಯೊಳಗೆ ಇಡೀ ರಾಜ್ಯವೇ ಅಡಗಿದೆ. ಕುಮಾರವ್ಯಾಸನಾದರೋ, ರಾಮಾಯಣ ಬರೆದ ಕವಿಗಳು ಎಷ್ಟೆಂದು ಎಣಿಸುವ ಗೋಜಿಗೆ ಹೋಗದೆ, ಅವರ ಭಾರಕ್ಕೆ ಆದಿಶೇಷನೇ ಬಳಲಿದನೆಂದ. ಆ ಹೆಡೆಯೇ ಅವನ ತಕ್ಕಡಿ.

ಇಂದಿನ ಕತೆಗಾರರು ಎಡವುವುದು ಇಲ್ಲಿಯೇ. ಅವರಲ್ಲಿ ಅಂಕಿಗಳಿವೆ, ಹೊರುವವರಿಲ್ಲ. ನಿಜವಾದ ಶಾಸ್ತ್ರಕ್ಕೂ ಹೊರುವವರು ಬೇಕಾದರಲ್ಲವೇ? 1865ರಿಂದ ಬೆಂಗಳೂರೂ ಸೇರಿದಂತೆ ದೇಶದ ಹಲವೆಡೆ ಲೋಲಕವನ್ನು ತೂಗಿಸಿ ಗುರುತ್ವವನ್ನಳೆದ ಸರ್ವೆ ಅಧಿಕಾರಿ ಬಸೆವಿ, 1871ರಲ್ಲಿ ಲಡಾಖಿನ ಎತ್ತರದಲ್ಲಿ ಅದೇ ಕೆಲಸದಲ್ಲಿದ್ದಾಗ ತೀರಿಕೊಂಡನು.

ನಮ್ಮ ಕಮ್ಮನಹಳ್ಳಿಯ ತರುಣನೊಬ್ಬ ನೂರು ವಿಶ್ವಗಳನ್ನು ಬೇಕಾದರೆ ಸೃಷ್ಟಿಸಲಿ. ಅವುಗಳಲ್ಲಿ ಒಂದರಲ್ಲಾದರೂ, ನೀರಿನ ಕೊಡವೆತ್ತುವ ಹೆಂಗಸಿನ ಸೊಂಟಕ್ಕೆ ಅಲ್ಲಿನ ಗುರುತ್ವ ಎಷ್ಟೆಂದು ತಿಳಿಯಬೇಕು. ಆಗ ಓದುಗನೂ ಆ ಲೋಕವನ್ನು ನಂಬುತ್ತಾನೆ.